ರಾಜ ಒರಗಿದ ತೋಳು

"ಈ ತೋಳೆಲ್ಲಿ ಹೋಯ್ತು?" ಎಂದು ಪ್ರೊಫೆಸರ್ ಪ್ಯೋ ಕೇಳಿದರು.

ಇನ್‌ಗ್ಯು ತಬ್ಬಿಬ್ಬಾಗಿ ಮೊದಲು ತನ್ನ ತೋಳನ್ನೇ ನೋಡಿಕೊಂಡ. ಆಕೆ ನಗಲಿಲ್ಲ. ಮೇಜಿನ ಮೇಲೆ ಅವನ ಪ್ರಬಂಧ ಬಿದ್ದಿತ್ತು, ಪಕ್ಕದಲ್ಲಿ ಸುಟ್ಟ ಚೆಸ್ಟ್‌ನಟ್‌ಗಳ ಪೊಟ್ಟಣ. ಬೈಬಲಿನ ಹಳೆಯ ಒಡಂಬಡಿಕೆ ಕಲಿಸುವ ಪ್ಯೋ ಮೇಡಂ ನಿವೃತ್ತಿಯ ಅಂಚಿನಲ್ಲಿದ್ದರು. ಅವರ ಕೋಣೆಯಿಂದ ಹೊರಗೆ ಬರುವವರಿಗೆ ತಾವು ಬೈಸಿಕೊಂಡೆವೋ ಹೊಗಳಿಸಿಕೊಂಡೆವೋ ತಿಳಿಯುವುದಿಲ್ಲ ಎಂದು ದೇವಶಾಸ್ತ್ರ ಕಾಲೇಜಿನಲ್ಲಿ ಮಾತಿತ್ತು. ಆಕೆ ಒಂದು ಕಾಯಿಯ ಸಿಪ್ಪೆ ಬಿಡಿಸಿ ಬಾಯಿಗೆ ಹಾಕಿಕೊಂಡು, ಅವನು ಹೀಬ್ರೂವಿನಿಂದ ಸ್ವತಃ ಅನುವಾದಿಸಿದ್ದ ಒಂದು ವಾಕ್ಯದ ಮೇಲೆ ಬೆರಳಿಟ್ಟರು.

ಅದು ಸಿರಿಯಾದ ಸೇನಾಪತಿಯೊಬ್ಬನ ಮಾತು. ಅವನಿಗೆ ಕುಷ್ಠವಿತ್ತು. ಪರದೇಶದ ಪ್ರವಾದಿಯ ಮಾತು ಕೇಳಿ ಹೊಳೆಯಲ್ಲಿ ಮುಳುಗೆದ್ದ, ವಾಸಿಯಾಯಿತು. ಇನ್ನು ಮೇಲೆ ನಿನ್ನ ದೇವರೊಬ್ಬನೇ ನನಗೆ ದೇವರು ಎಂದ. ಹಾಗೆಂದವನು ಅಲ್ಲೇ ತುಸು ತಡವರಿಸಿ ಒಂದು ವಿನಾಯಿತಿ ಕೇಳಿದ. ಊರಿಗೆ ಹೋದ ಮೇಲೆ ನನ್ನ ರಾಜ ತನ್ನ ದೇವರ ಗುಡಿಗೆ ಹೋಗುತ್ತಾನೆ, ನನ್ನ ತೋಳಿನ ಮೇಲೆ ಒರಗಿಕೊಂಡು ಅಲ್ಲಿ ಬಗ್ಗುತ್ತಾನೆ, ಅವನ ಜೊತೆ ನಾನೂ ಬಗ್ಗಬೇಕಾಗುತ್ತದೆ, ಅದೊಂದನ್ನು ಕ್ಷಮಿಸಬೇಕು ಎಂದ. ಪ್ರವಾದಿ ಹೂಂ ಎನ್ನಲಿಲ್ಲ, ಉಹೂಂ ಎನ್ನಲಿಲ್ಲ. ನೆಮ್ಮದಿಯಿಂದ ಹೋಗು ಎಂದ, ಅಷ್ಟೆ.

ಆ ಒಂದು ಮಾತಿನ ಮೇಲೆ ಇನ್‌ಗ್ಯು ಬೇಸಿಗೆಯಿಡೀ ಕೂತು ಬರೆದಿದ್ದ. ಪ್ರವಾದಿ ಅನುಮತಿ ಕೊಡಲಿಲ್ಲ, ಹೊಸ ನಂಬಿಕೆಯ ಎಳಸುತನ ಕಂಡು ಸುಮ್ಮನಾದ, ಬಲಿತ ವಿಶ್ವಾಸಿ ಇದನ್ನು ನೆಪ ಮಾಡಿಕೊಳ್ಳಕೂಡದು ಎಂಬುದು ಅವನ ವಾದ. ಅಡಿಟಿಪ್ಪಣಿಗಳು ಪುಟದ ಅರ್ಧದವರೆಗೆ ಏರಿ ಬಂದಿದ್ದವು.

"ಹೀಬ್ರೂನಲ್ಲಿ ರಾಜ ಅವನ ತೋಳಿನ ಮೇಲೆ ಒರಗಿದ್ದಾನೆ. ನಿನ್ನ ಅನುವಾದದಲ್ಲಿ ರಾಜ ತನ್ನಷ್ಟಕ್ಕೆ ತಾನು ನೆಟ್ಟಗೆ ಗುಡಿಗೆ ಹೋಗ್ತಾನೆ. ವಿವರಣೆಯಲ್ಲೂ ತೋಳಿನ ಸುದ್ದಿಯಿಲ್ಲ. ಕಣ್ತಪ್ಪಿತಾ?"

"ಇಲ್ಲ ಮೇಡಂ. ಅದು ಸಂದರ್ಭದ ಒಂದು ಸಣ್ಣ ವಿವರ ಅನ್ನಿಸ್ತು. ದೇವಶಾಸ್ತ್ರದ ಪ್ರಶ್ನೆಗೆ ಅದರಿಂದ ಏನೂ…"

"ಸಣ್ಣ ವಿವರ." ಪ್ಯೋ ಮೇಡಂ ಇನ್ನೊಂದು ಕಾಯಿ ಎತ್ತಿಕೊಂಡರು. "ಬೆಳೆದ ಗಂಡಸು ಒರಗಿದ್ರೆ ಎಷ್ಟು ಭಾರ ಇರುತ್ತೆ ಗೊತ್ತಾ? ನಿಮ್ಮಪ್ಪ ಹೇಗಿದ್ದಾರೆ ಈಗ?"

"ಕೋಲು ಹಿಡ್ಕೊಂಡು ನಡೀತಾರೆ."

"ಹಬ್ಬ ಮುಗಿಸ್ಕೊಂಡು ಬಾ. ತೋಳು ಸಿಕ್ಕಿದ್ರೆ ಪ್ರಬಂಧಕ್ಕೆ ಸೇರಿಸು. ಸಿಗದಿದ್ರೆ ಹೀಗೇ ಕೊಡು, ಪಾಸಂತೂ ಮಾಡ್ತೀನಿ. ವ್ಯಾಕರಣ ಚೆನ್ನಾಗಿದೆ." ಎರಡು ಚೆಸ್ಟ್‌ನಟ್ ತೆಗೆದು ಅವನ ಅಂಗೈಗೆ ಹಾಕಿದರು. ಇನ್‌ಗ್ಯು ಬಗ್ಗಿ ವಂದಿಸಿ ಹೊರಗೆ ಬಂದ. ಎಲ್ಲರಂತೆ ಅವನಿಗೂ ಏನೂ ಬಗೆಹರಿದಿರಲಿಲ್ಲ.

ಹಬ್ಬಕ್ಕೆ ತನ್ನೂರು ದೇಗುವಿಗೆ ಹೋಗುವ ಬಸ್ಸಿನಲ್ಲಿ ಕೂತಾಗ ಮಾ ಪಾಸ್ಟರ ಫೋನು ಬಂತು. ತಾಕ್ ಇನ್‌ಗ್ಯು ಉಪದೇಶಿಯಾಗಿ ಕೆಲಸ ಮಾಡುತ್ತಿದ್ದದ್ದು ಅವರ ಸಭೆಯಲ್ಲಿ. ಒಂದು ವ್ಯಾಪಾರಿ ಕಟ್ಟಡದ ಮೂರನೇ ಮಹಡಿಯಲ್ಲಿ ಚರ್ಚು, ಕೆಳಗೆ ಕೋಳಿ ಹುರಿದು ಮಾರುವ ಅಂಗಡಿ; ಭಾನುವಾರ ಸಂಜೆಯ ಪ್ರಾರ್ಥನೆಗೆಲ್ಲ ಆ ಎಣ್ಣೆಯ ವಾಸನೆ ಬೆರೆತಿರುತ್ತಿತ್ತು.

"ತಾಕ್ ಉಪದೇಶಿಗಳೇ, ಈ ಭಾನುವಾರ ಯುವಜನರ ಕೂಟದಲ್ಲಿ ಸಾಕ್ಷಿ ನಿಮ್ಮದೇ. ವರ್ಷಾ ವರ್ಷ ನಿಮ್ಮದನ್ನೇ ಕಾಯ್ತಾರೆ ಹುಡುಗರು. ಬೇರೆಯವರು ಹೇಳಿದ್ರೆ ಆಕಳಿಸ್ತಾರೆ."

"ಆಗಲಿ, ಪಾಸ್ಟರ್."

"ಅಂದಹಾಗೆ ನಿಮ್ಮ ಪಾಸ್ಟರ್ ದೀಕ್ಷೆಯ ಪರೀಕ್ಷೆಗೆ ಶಿಫಾರಸು. ಕೂಟ ಮುಗಿದ ಮೇಲೆ ಕೂತು ಬರೆದುಬಿಡೋಣ. ನಿಮ್ಮಪ್ಪನವರಿಗೆ ನನ್ನ ನಮಸ್ಕಾರ ತಿಳಿಸಿ."

ಮಾ ಪಾಸ್ಟರು ಒಳ್ಳೆಯವರು. ಹೋದ ಚಳಿಗಾಲದಲ್ಲಿ ಅಪ್ಪನಿಗೆ ಪಾರ್ಶ್ವವಾಯು ಬಡಿದಾಗ ವಾರಗಟ್ಟಲೆ ಆಸ್ಪತ್ರೆಗೆ ಬಂದು, ನಂಬದ ಆ ಮನುಷ್ಯನ ಪಾದ ತಿಕ್ಕಿ, ಪ್ರಾರ್ಥನೆ ಮಾಡಿ ಹೋಗಿದ್ದರು. ಅಪ್ಪ ಪ್ರಾರ್ಥನೆಯುದ್ದಕ್ಕೂ ಕಣ್ಣು ತೆರೆದುಕೊಂಡೇ ಇದ್ದ, ಆದರೆ ಕಾಲು ಎಳೆದುಕೊಳ್ಳಲಿಲ್ಲ. ಕೆಟ್ಟವರಾಗಿದ್ದರೆ ಇನ್‌ಗ್ಯುಗೆ ಮುಂದಿನದೆಲ್ಲ ಸುಲಭವಾಗುತ್ತಿತ್ತು.

ತಾಕ್ ಮನೆತನದ ಹಿರಿಮಗನಾದ ಇನ್‌ಗ್ಯು ಸೈನ್ಯದ ಕಡ್ಡಾಯ ಸೇವೆ ಮುಗಿಸಿ ಬರುವಾಗ ಕ್ರೈಸ್ತನಾಗಿ ಬಂದಿದ್ದ. ಭಾನುವಾರ ಚರ್ಚಿಗೆ ಬಂದ ಸಿಪಾಯಿಗಳಿಗೆ ಚಾಕೊಲೇಟ್ ಮೆತ್ತಿದ ಬಿಸ್ಕತ್ತು ಕೊಡುತ್ತಿದ್ದರು. ಹೆಚ್ಚಿನವರು ಬಿಸ್ಕತ್ತು ತಿಂದು ಬಂದರು, ಇವನು ದೇವರನ್ನೂ ತಂದ. ಆ ವರ್ಷ ಚುಸೊಕ್ ಸುಗ್ಗಿಹಬ್ಬದ ಬೆಳಿಗ್ಗೆ ಹಿರಿಯರಿಗೆ ಎಡೆ ಇಟ್ಟು ಎಲ್ಲರೂ ನೆಲಕ್ಕೆ ಹಣೆ ಹಚ್ಚುವ ಹೊತ್ತಿಗೆ ಅದು ವಿಗ್ರಹಾರಾಧನೆ, ತಾನು ಬಗ್ಗುವುದಿಲ್ಲ ಎಂದ. ಚಿಕ್ಕಪ್ಪ ಕೂಗಾಡಿದ, ಅಮ್ಮ ಅತ್ತಳು. ಅಪ್ಪ ಮಾತ್ರ ಕಾರ್ಖಾನೆಯಲ್ಲಿ ಕನ್ನಡಕದ ಚೌಕಟ್ಟು ತಿಕ್ಕಿ ತಿಕ್ಕಿ ಒರಟಾದ ಬೆರಳಿನಿಂದ ಬಾಲ್ಕನಿ ತೋರಿಸಿ, "ಅಲ್ಲಿ ನಿಂತ್ಕೋ" ಎಂದ.

ಅಂದಿನಿಂದ ಪ್ರತಿ ಹಬ್ಬದಲ್ಲೂ ಅವನು ಬಾಲ್ಕನಿಯಲ್ಲಿ, ಬಟ್ಟೆ ಒಗೆಯುವ ಯಂತ್ರಕ್ಕೂ ಕಿಮ್ಚಿ ಉಪ್ಪಿನಕಾಯಿಯ ಫ್ರಿಜ್ಜಿಗೂ ನಡುವೆ ನಿಲ್ಲುತ್ತಿದ್ದ. ಗಾಜಿನ ಬಾಗಿಲಾಚೆ ಅಪ್ಪ, ಚಿಕ್ಕಪ್ಪ ಏಳುವುದು ಬಗ್ಗುವುದು ಕಾಣುತ್ತಿತ್ತು. ಎಡೆಯ ಅನ್ನ ಅವನು ಉಣ್ಣುವುದಿಲ್ಲವೆಂದು ಅಮ್ಮ ಮೊದಲೇ ಒಂದು ಪಾತ್ರೆಯಲ್ಲಿ ಅವನ ಪಾಲು ತೆಗೆದಿಡಲು ಶುರುಮಾಡಿದಳು. ಆಮೇಲಿನ ಭಾನುವಾರ ಅದೇ ಬಾಲ್ಕನಿಯ ಕಥೆ, ನಂಬಿಕೆಗಾಗಿ ಗಟ್ಟಿಯಾಗಿ ನಿಂತ ಅನುಭವವೆಂದು, ಚರ್ಚಿನಲ್ಲಿ ಎಲ್ಲರೆದುರು ಹೇಳುವ ಸಾಕ್ಷಿಯಾಗುತ್ತಿತ್ತು. ಹೇಳಿ ಹೇಳಿ ಅದಕ್ಕೊಂದು ಆಕಾರ ಬಂದಿತ್ತು; ಎಲ್ಲಿ ನಗು ಬರುತ್ತದೆ, ಎಲ್ಲಿ ಆಮೆನ್ ಬರುತ್ತದೆ ಎಂಬುದು ಅವನಿಗೆ ಬಾಯಿಪಾಠವಾಗಿತ್ತು. ಅಪ್ಪ ಅದರಲ್ಲಿ ಸ್ವಲ್ಪ ಹೆಚ್ಚೇ ಗಡುಸಾಗಿರುತ್ತಿದ್ದ.

ಮನೆ ತಲುಪಿದಾಗ ಅಮ್ಮ ಪೈನ್ ಎಲೆಗಳ ಮೇಲೆ ಎಳ್ಳಿನ ಕಡುಬು ಬೇಯಿಸುತ್ತಿದ್ದಳು. ಚಿಕ್ಕಪ್ಪ ಪಕ್ಕದ ಊರು ಗುಮಿಯಿಂದ ಆಗಲೇ ಬಂದು ಸೋಫಾದ ಮೇಲೆ ಕಾಲು ಚಾಚಿದ್ದ.

"ಬಂದ್ರಪ್ಪ ಪಾದ್ರಿಗಳು! ಬಿಸ್ಕತ್ತಿಗೆ ಮನೆತನ ಮಾರಿದೋರು."

"ಚೆನ್ನಾಗಿದ್ದೀರಾ, ಚಿಕ್ಕಪ್ಪ?"

"ಈ ಸಲನಾದ್ರೂ ಬಾಲ್ಕನಿಗೆ ಬಾಡಿಗೆ ಕೊಡ್ತೀಯೋ ಇಲ್ವೋ?"

ಅಪ್ಪ ಊಟದ ಮೇಜಿನ ಮುಂದೆ ಕೂತಿದ್ದ. ಎದುರಿಗೆ ಮಸಿ, ಕುಂಚ, ಉದ್ದಕ್ಕೆ ಕತ್ತರಿಸಿದ ಬಿಳಿಯ ಕಾಗದ. ಎಡೆಯ ಹಿಂದೆ ಅಂಟಿಸಲು ಅಜ್ಜನ ಹೆಸರನ್ನು ಹಳೆಯ ಲಿಪಿಯಲ್ಲಿ ಬರೆಯುವುದು ಪ್ರತಿವರ್ಷ ಅವನದೇ ಕೆಲಸ. ಬಲಗೈ ತೊಡೆಯ ಮೇಲೆ ಸುಮ್ಮನೆ ಬಿದ್ದಿತ್ತು, ಎಡಗೈಯಲ್ಲಿ ಕುಂಚ. ಕೆಟ್ಟುಹೋದ ಕಾಗದಗಳು ಕಾಲ ಬಳಿ ಉದುರಿದ್ದವು. ಇನ್‌ಗ್ಯು ಚಿಕ್ಕವನಿದ್ದಾಗ ಇದೇ ಅಕ್ಷರಗಳನ್ನು ಅಜ್ಜ ಕೈ ಹಿಡಿದು ತಿದ್ದಿಸಿದ್ದ. ನಾನು ಬರೆದುಕೊಡಲೇ ಎಂಬ ಮಾತು ನಾಲಿಗೆಯ ತುದಿಗೆ ಬಂತು, ಹೊರಗೆ ಬರಲಿಲ್ಲ. ಅಪ್ಪ ತಲೆಯೆತ್ತಿ "ಉಂಡ್ಯಾ?" ಎಂದ. ಬಾಯಿ ಒಂದು ಪಕ್ಕಕ್ಕೆ ಎಳೆದು ಮಾತು ಒದ್ದೆಯಾಗಿ ಬಂತು.

"ನಾಳೆ ನಿಂತ್ಕೊಂಡೇ ತಲೆ ಬಗ್ಗಿಸಿದ್ರೆ ಸಾಕು ಅಂತ ಡಾಕ್ಟರು ಹೇಳಿದಾರೆ" ಎಂದು ಅಮ್ಮ ಅಡುಗೆಮನೆಯಿಂದಲೇ ಹೇಳಿದಳು. ಗಂಡನಿಗೆ ಹೇಳಿದ್ದು, ಮಗನಿಗೆ ಕೇಳಿಸಲೆಂದೇ ಹೇಳಿದ್ದು.

"ನಿಂತ್ಕೊಂಡು ಬಗ್ಗೋದು ಬಸ್‌ಸ್ಟಾಪಲ್ಲಿ ಸಿಕ್ಕೋರಿಗೆ" ಎಂದ ಅಪ್ಪ.

ಬೆಳಿಗ್ಗೆ ಹಾಲ್‌ನಲ್ಲಿ ಮಡಿಸುವ ಪರದೆ ಬಿಚ್ಚಿ ನಿಲ್ಲಿಸಿದರು. ಮೇಜಿನ ಮೇಲೆ ಹೊಸ ಅಕ್ಕಿಯ ಅನ್ನ, ಕಡುಬು, ಉಪ್ಪು ಹಾಕಿದ ಶಾರ್ಕ್ ಮೀನಿನ ತುಂಡುಗಳು. ಕೆಂಪು ಹಣ್ಣು ಪೂರ್ವಕ್ಕೆ, ಬಿಳಿ ಹಣ್ಣು ಪಶ್ಚಿಮಕ್ಕೆ. ಚಿಕ್ಕಪ್ಪ ಸೇಬನ್ನು ತಪ್ಪು ಕಡೆ ಇಟ್ಟು ಅಪ್ಪನಿಂದ ಉಗಿಸಿಕೊಂಡ. ಪರದೆಗೆ ಅಂಟಿಸಿದ ಕಾಗದದಲ್ಲಿ ಅಜ್ಜನ ಹೆಸರು ಸೊಟ್ಟಗೆ, ಮೊದಲ ತರಗತಿಯ ಮಗು ಬರೆದಂತೆ ಇಳಿದಿತ್ತು. ಇನ್‌ಗ್ಯು ಅದನ್ನು ಬೇಕಾದ್ದಕ್ಕಿಂತ ಹೆಚ್ಚು ಹೊತ್ತು ನೋಡಿ, ಎಂದಿನಂತೆ ಬಾಲ್ಕನಿಗೆ ಹೋಗಿ ನಿಂತ. ಬಾಗಿಲು ಮುಚ್ಚಿದ. ಆಮೇಲೆ ಒಂದು ಗೇಣು ತೆರೆದ.

ಮನೆಯ ಯಜಮಾನ ಮೊದಲು ಧೂಪ ಹಾಕಿ, ಅಕ್ಕಿ ಮದ್ಯ ಅರ್ಪಿಸಿ, ಒಬ್ಬನೇ ಎರಡು ಸಲ ಬಗ್ಗಬೇಕು. ಉಳಿದವರದು ಆಮೇಲೆ. ಚಿಕ್ಕಪ್ಪ ಮದ್ಯದ ಹೂಜಿ ಹಿಡಿದು ಮೇಜಿಗೂ ಪರದೆಗೂ ನಡುವಿನ ಇಕ್ಕಟ್ಟಿನಲ್ಲಿ ಮಂಡಿಯೂರಿದ್ದ. ಅಪ್ಪ ಸಣ್ಣ ಸ್ಟೂಲಿನ ಮೇಲೆ ಕೂತೇ ಧೂಪ ಹಾಕಿದ, ಎಡಗೈಯಿಂದ ಲೋಟವನ್ನು ಚಿಕ್ಕಪ್ಪನಿಗೆ ಕೊಟ್ಟ. ಅಲ್ಲಿಯವರೆಗೆ ಚೆನ್ನಾಗಿಯೇ ನಡೆಯಿತು. ಆಮೇಲೆ ಕೋಲೂರಿ ಎದ್ದು, ಸ್ಟೂಲನ್ನು ಕಾಲಿನಿಂದ ಪಕ್ಕಕ್ಕೆ ಸರಿಸಿ, ಕೋಲನ್ನು ಗೋಡೆಗೆ ಒರಗಿಸಿದ.

"ಅಣ್ಣ, ತಡಿ, ನಾನು ಬರ್ತೀನಿ" ಎಂದ ಚಿಕ್ಕಪ್ಪ. ಏಳಲು ಹೋದರೆ ಅವನ ಮೊಣಕಾಲು ಮೇಜಿಗೆ ತಗುಲಿ ಪಾತ್ರೆಗಳೆಲ್ಲ ಅಲುಗಿದವು.

"ನೀನು ಹೂಜಿ ನೋಡ್ಕೋ."

ಅಪ್ಪ ಎಡಗಾಲನ್ನು ಮಡಿಸತೊಡಗಿದ. ಬಲಗಾಲು ಮಾತು ಕೇಳದೆ ಚಾಪೆಯ ಮೇಲೆ ಜಾರಿತು. ಅವನು ಯಾರ ಕಡೆಗೂ ನೋಡಲಿಲ್ಲ, ಬಾಲ್ಕನಿಯ ಕಡೆಗಂತೂ ಖಂಡಿತ ನೋಡಲಿಲ್ಲ. ಅಡುಗೆಮನೆಯ ಬಾಗಿಲಲ್ಲಿ ಅಮ್ಮ ಬಾಯಿಗೆ ಒದ್ದೆ ಬಟ್ಟೆ ಒತ್ತಿಕೊಂಡು ನಿಂತಿದ್ದಳು.

ಬಾಗಿಲು ಪೂರ್ತಿ ಸರಿಸಿದ್ದು ಇನ್‌ಗ್ಯುಗೆ ನೆನಪಿಲ್ಲ. ಅವನ ತೋಳು ಅಪ್ಪನ ಕಂಕುಳಡಿಗೆ ಹೋಗಿತ್ತು, ಅಪ್ಪನ ಬಲಗೈ ಅವನ ಹೆಗಲ ಮೇಲೆ ಬಿದ್ದಿತ್ತು. ಕಾಯಿಲೆಯಲ್ಲಿ ಇಳಿದುಹೋದ ಮನುಷ್ಯ ಇಷ್ಟು ಭಾರವಿರುತ್ತಾನೆ ಎಂದು ಅವನಿಗೆ ಗೊತ್ತಿರಲಿಲ್ಲ.

"ಅಪ್ಪ, ನಿಧಾನ."

ಅಪ್ಪ ಉಸಿರು ಎಳೆದುಕೊಂಡ. ನಿಂತಿರುವವನನ್ನು ಹಿಡಿದು ನಡೆಸಬಹುದು; ನೆಲಕ್ಕೆ ಬಗ್ಗುವವನನ್ನು ನಿಂತುಕೊಂಡು ಹಿಡಿಯಲು ಬರುವುದಿಲ್ಲ. ಅಪ್ಪನ ಮೊಣಕಾಲಿನ ಜೊತೆ ಇವನ ಮೊಣಕಾಲೂ ಇಳಿಯಿತು. ಅಪ್ಪನ ಬೆನ್ನಿನ ಜೊತೆ ಇವನ ಬೆನ್ನೂ ಇಳಿಯಿತು. ಚಾಪೆಯ ಒಣಹುಲ್ಲಿನ ವಾಸನೆ ಮೂಗಿಗೆ ಬಂತು. ಮೊದಲ ಸಲ ಅವನ ಕಣ್ಣೆಲ್ಲ ಅಪ್ಪನ ಜಾರುವ ಕಾಲಿನ ಮೇಲೆ ಇತ್ತು, ಅದು ಹಿಡಿದದ್ದೇ ಹೊರತು ಬೇರೇನಲ್ಲ. ಇಬ್ಬರೂ ಎದ್ದರು. ಎರಡನೆಯ ಸಲ ಇಳಿಯುವುದು ಸುಲಭವಾಯಿತು, ಅಪ್ಪ ಭಾರ ಬಿಡುವುದನ್ನು ಕಲಿತಿದ್ದ. ಹಣೆ ನೆಲಕ್ಕೆ ಮುಟ್ಟಿದ ಮೇಲೆ ಅಪ್ಪ ಅಲ್ಲೇ ತುಂಬ ಹೊತ್ತು ಇದ್ದ. ಹಿಡಿಯಬೇಕಾದ್ದೇನೂ ಇರಲಿಲ್ಲ. ಇನ್‌ಗ್ಯು ತಲೆ ಎತ್ತಬಹುದಾಗಿತ್ತು. ಅವನಿಗೆ ಆ ಸೊಟ್ಟ ಅಕ್ಷರಗಳು ನೆನಪಾದವು, ತನ್ನ ಕೈ ಹಿಡಿದ ಅಜ್ಜನ ಕೈ ನೆನಪಾಯಿತು. ಅವನ ಹಣೆಯೂ ಚಾಪೆಯ ಮೇಲೆಯೇ ಇತ್ತು.

ಊಟಕ್ಕೆ ಕೂತಾಗ ಚಿಕ್ಕಪ್ಪ ಕೀಟಲೆ ಬಿಟ್ಟು ಅಣ್ಣನ ಬಟ್ಟಲಿಗೆ ಮೀನಿನ ತುಂಡು ಹಾಕಿದ. ಅಮ್ಮ ಅಭ್ಯಾಸದಂತೆ ಬೇರೆ ತೆಗೆದಿಟ್ಟ ಪಾತ್ರೆಯನ್ನೇ ಇನ್‌ಗ್ಯು ಮುಂದೆ ಇಟ್ಟಳು, ಅವನು ಅದರಿಂದಲೇ ಉಂಡ. ಅಪ್ಪ ಚಮಚದಲ್ಲಿ ಸಾರು ಕುಡಿಯುತ್ತಿದ್ದವನು ಅದನ್ನು ಕೆಳಗಿಟ್ಟ.

"ನಿಮ್ಮ ಪಾಸ್ಟರು ಕೇಳಿದ್ರೆ ಹಿಡ್ಕೊಂಡಿದ್ದೆ ಅಂತ ಹೇಳು."

"ಅಪ್ಪ…"

"ಸುಳ್ಳೇನಲ್ಲ. ಹಿಡ್ಕೊಂಡೇ ಇದ್ದೆ. ನಾನೇ ಸಾಕ್ಷಿ." ಇಷ್ಟು ಹೇಳಲು ಅವನಿಗೆ ಬಹಳ ಹೊತ್ತು ಬೇಕಾಯಿತು. ತುಟಿಯಂಚಿನಿಂದ ಇಳಿದ ಸಾರನ್ನು ಮಣಿಕಟ್ಟಿನಿಂದ ಒರೆಸಿಕೊಂಡ. "ಅದರ ಬಗ್ಗೆ ತಲೆ ಕೆಡಿಸ್ಕೋಬೇಡ. ಹೋಗು, ಪರೀಕ್ಷೆ ಬರಿ."

ಭಾನುವಾರ ಸಂಜೆ ಚರ್ಚಿನಲ್ಲಿ ಮಾ ಪಾಸ್ಟರು ಮೈಕು ಹಿಡಿದು ನಗುನಗುತ್ತಾ ನಿಂತಿದ್ದರು. ಊರಿಗೆ ಹೋಗಿ ಬಂದ ಹುಡುಗ ಹುಡುಗಿಯರು ಹಬ್ಬದ ತಿಂಡಿ ತಿಂದು ಮೈ ಭಾರವಾಗಿ ಕುರ್ಚಿಗಳಲ್ಲಿ ಕೂತಿದ್ದರು.

"ಎಲ್ಲರೂ ಬಾಲ್ಕನಿ ಕಥೆಗೆ ಕಾಯ್ತಿದ್ದೀರಿ ಅಂತ ಗೊತ್ತು" ಎಂದರು. "ಮೊಣಕಾಲು ಬಗ್ಗಿಸದ ನಮ್ಮ ತಾಕ್ ಉಪದೇಶಿಗಳು!" ಚಪ್ಪಾಳೆ ಬಿತ್ತು.

ಇನ್‌ಗ್ಯು ಮೈಕು ತೆಗೆದುಕೊಂಡ. ಬಸ್ಸಿನಲ್ಲಿ ಬರುತ್ತಾ ಅವನು ಒಂದು ವಾಕ್ಯ ಸಿದ್ಧಮಾಡಿಕೊಂಡಿದ್ದ: ಅಪ್ಪನಿಗೆ ಕಾಯಿಲೆ, ಹಾಗಾಗಿ ಅವರನ್ನು ಹಿಡಿದುಕೊಂಡಿದ್ದೆ. ಒಂದಕ್ಷರ ಸುಳ್ಳಿಲ್ಲದ ವಾಕ್ಯ. ಅದನ್ನು ಹೇಳಿ ಕೂತುಬಿಟ್ಟರೆ ಆಮೆನ್ ಬರುತ್ತದೆ, ಮಗನ ಪ್ರೀತಿಗೆ ಇನ್ನೊಂದು ಚಪ್ಪಾಳೆಯೂ ಬೀಳುತ್ತದೆ, ಕೂಟ ಮುಗಿದ ಮೇಲೆ ಶಿಫಾರಸಿಗೆ ಸಹಿ. ಅವನು ಕಥೆ ಶುರುಮಾಡಿದ. ಬಾಲ್ಕನಿ ಬಂತು, ಕಿಮ್ಚಿಯ ಫ್ರಿಜ್ಜು ಬಂತು, ನಗು ಬಂತು. ಕೋಲನ್ನು ಗೋಡೆಗೆ ಒರಗಿಸಿದ್ದು ಬಂದಾಗ ನಗು ನಿಂತಿತು.

"ನಾನು ಹೋಗಿ ಅಪ್ಪನ್ನ ಹಿಡ್ಕೊಂಡೆ" ಎಂದ. "ಅವರು ನನ್ನ ಮೇಲೆ ಒರಗಿಕೊಂಡ್ರು."

ಮಾ ಪಾಸ್ಟರು ತಲೆದೂಗಿದರು. ಇನ್‌ಗ್ಯು ಅಲ್ಲಿಗೇ ನಿಂತ. ನಿಂತದ್ದು ಹೆಚ್ಚಾಯಿತು. ಮುಂದಿನ ಸಾಲಿನಲ್ಲಿ ಕೂತಿದ್ದ, ನರ್ಸಿಂಗ್ ಓದುವ ಹುಡುಗಿ ಕೈಯೆತ್ತಿದಳು. ಅವಳಿಗೆ ಯಾವ ಕುಹಕವೂ ಇರಲಿಲ್ಲ, ಅವಳ ಮನೆಯಲ್ಲೂ ಒಬ್ಬ ಅಜ್ಜಿಯಿದ್ದಳು.

"ಉಪದೇಶಿಗಳೇ, ಹಾಗಾದ್ರೆ ನೀವು ಬಗ್ಗಿದ್ರಾ, ಬರೀ ಹಿಡ್ಕೊಂಡಿದ್ರಾ?"

"ಮೊದಲನೇ ಸಲ ಹಿಡ್ಕೊಂಡಿದ್ದೆ." ಮೈಕಿನಲ್ಲಿ ಅವನ ಉಸಿರು ಕೇಳಿಸಿತು. "ಎರಡನೇ ಸಲ ಬಗ್ಗಿದೆ."

ಕೆಳಗಿನ ಅಂಗಡಿಯಲ್ಲಿ ಎಣ್ಣೆಗೆ ಏನೋ ಬಿದ್ದು ಚುರುಗುಟ್ಟಿದ ಸದ್ದು ಮೇಲಿನವರೆಗೆ ಬಂತು. ಮಾ ಪಾಸ್ಟರು ಬಂದು ಅವನ ಕೈಯಿಂದ ಮೈಕು ತೆಗೆದುಕೊಂಡು, ಹಾಡಿನ ಸಂಖ್ಯೆ ಹೇಳಿದರು. ಪಿಯಾನೋದ ಹುಡುಗನಿಗೆ ಪುಟ ಸಿಗಲು ತಡವಾಯಿತು.

ಕೂಟ ಮುಗಿದ ಮೇಲೆ ಇಬ್ಬರೂ ಮೆಟ್ಟಿಲ ಬಳಿ ನಿಂತರು. ಪಾಸ್ಟರ ಮುಖದಲ್ಲಿ ಕೋಪವಿರಲಿಲ್ಲ, ಅದೇ ಇನ್‌ಗ್ಯುಗೆ ಹೆಚ್ಚು ನೋವಾದದ್ದು.

"ಹಿಡ್ಕೊಂಡಿದ್ದೆ ಅಂತ ಅಷ್ಟಕ್ಕೇ ಬಿಡಬಹುದಿತ್ತಲ್ಲ."

"ಬಿಡಬಹುದಿತ್ತು, ಪಾಸ್ಟರ್."

"ಹುಡುಗರ ಮುಂದೆ ಹೇಳಿಬಿಟ್ರಿ. ಅವರ ಮನೆಗಳಲ್ಲೂ ಎಡೆ ಇಡ್ತಾರೆ. ಸಭೆಯ ಹಿರಿಯರು ನನ್ನನ್ನ ಕೇಳ್ತಾರೆ, ನಾನೇನು ಹೇಳ್ಲಿ?" ಅವರು ಕನ್ನಡಕ ತೆಗೆದು ಟೈಯಿಂದ ಒರೆಸಿಕೊಂಡರು. "ಶಿಫಾರಸು ಮುಂದಿನ ವರ್ಷ ನೋಡೋಣ. ಅಲ್ಲಿಯವರೆಗೆ ಯುವಜನರ ಕೂಟವನ್ನ ಬೇರೆ ಯಾರಾದ್ರೂ ನೋಡ್ಕೊಳ್ಳಲಿ."

"ಆಗಲಿ."

"ಅಪ್ಪನವರು ಹೇಗಿದ್ದಾರೆ?"

"ಎರಡು ಸಲ ಪೂರ್ತಿ ಬಗ್ಗಿದ್ರು" ಎಂದ ಇನ್‌ಗ್ಯು. ಹೇಳುವಾಗ ದನಿಯಲ್ಲಿ ಹೆಮ್ಮೆ ಇಣುಕಿದ್ದು ಅವನಿಗೇ ಕೇಳಿಸಿತು. ಪಾಸ್ಟರು ಅವನ ಹೆಗಲು ತಟ್ಟಿ ಒಳಗೆ ಹೋದರು.

ಇನ್‌ಗ್ಯು ಮೆಟ್ಟಿಲಿಳಿಯತೊಡಗಿದ. ಜೇಬಿನಲ್ಲಿ ಪ್ಯೋ ಮೇಡಂ ಕೊಟ್ಟಿದ್ದ ಚೆಸ್ಟ್‌ನಟ್‌ಗಳು ಇನ್ನೂ ಇದ್ದವು. ಹುಡುಗರ ಗುಂಪೊಂದು ಅವನ ಪಕ್ಕದಿಂದ ದಡದಡ ಇಳಿದುಹೋಯಿತು. ನರ್ಸಿಂಗ್ ಹುಡುಗಿ ಮಾತ್ರ ಕೆಳಗಿನ ತಿರುವಿನಲ್ಲಿ ನಿಂತು ಒಮ್ಮೆ ಮೇಲೆ ನೋಡಿದಳು. ಅವನು ಒಂದೊಂದೇ ಮೆಟ್ಟಿಲಿನ ಮೇಲೆ ಎರಡೂ ಕಾಲೂರಿ, ಮೈಯಿಂದ ತುಸು ದೂರಕ್ಕೆ ತೋಳು ಮಡಿಸಿ ಹಿಡಿದು, ನಿಧಾನವಾಗಿ ಇಳಿಯುತ್ತಿದ್ದ. ಪಕ್ಕದಲ್ಲಿ ಯಾರೂ ಇರಲಿಲ್ಲ.